ಕುರ್ಚಿಯಿಲ್ಲದ ಹೋಟಲು

ಹೋಟಲಿನ ವ್ಯಾಪಾರವೆಂದರೆ ತಿಂಡಿಯ ವ್ಯಾಪಾರವೆಂದು ನಾವೆಲ್ಲರೂ ನಂಬಿದ್ದೇವೆ. ಗಲ್ಲಾದ ಮೇಲೆ ಕುಳಿತ ಯಜಮಾನರನ್ನು ಕೇಳಿದರೆ ಅವರು ನಕ್ಕು ಸುಮ್ಮನಾದಾರು. ಅವರು ಮಾರುವುದು ಇಡ್ಲಿಯನ್ನೇನೋ ಹೌದು. ಆದರೆ ಅವರು ಅಳೆದು ಕೊಡುವ ನಿಜವಾದ ಪದಾರ್ಥಗಳು ಎರಡು: ಜಾಗ ಮತ್ತು ಹೊತ್ತು. ಎರಡು ಇಡ್ಲಿ, ಒಂದು ಕಾಫಿ ತೆಗೆದುಕೊಂಡು, ವೃತ್ತಪತ್ರಿಕೆಯನ್ನು ಮೊದಲ ಪುಟದಿಂದ ಕೊನೆಯ ಪುಟದವರೆಗೂ ಓದಿ, ಗೆಳೆಯರೊಡನೆ ಕಾವ್ಯದ ವಿಚಾರವನ್ನೋ ರಾಜಕಾರಣದ ವಿಚಾರವನ್ನೋ ವಾದಿಸಿ, ಮುಕ್ಕಾಲು ಗಂಟೆಯಾದ ಮೇಲೆ ಏಳುವ ಗಿರಾಕಿ ಇಡ್ಲಿಯ ಬೆಲೆಯನ್ನು ಕೊಟ್ಟಿರುತ್ತಾನೆ. ಕುರ್ಚಿಯ ಬೆಲೆಯನ್ನು ಕೊಟ್ಟಿರುವುದಿಲ್ಲ. ನಮ್ಮ ಸಾಹಿತ್ಯ ಚರ್ಚೆಯ ಒಂದು ದೊಡ್ಡ ಪಾಲು ಇಂಥ ಪುಕ್ಕಟೆ ಕುರ್ಚಿಗಳ ಮೇಲೆಯೇ ನಡೆದಿದೆ ಎಂಬುದನ್ನು ಈ ಪುಟದ ವಾಚಕರು ಒಪ್ಪಿಯಾರು. ಅದಕ್ಕಾಗಿ ಹೋಟಲಿನ ಯಜಮಾನರಿಗೆ ಯಾವ ಸಾಹಿತ್ಯ ಸಂಸ್ಥೆಯೂ ಶಾಲು ಹೊದಿಸಿದ್ದನ್ನು ನಾನು ಕಂಡಿಲ್ಲ.

ಒಂದು ಲೆಕ್ಕವನ್ನು ವಾಚಕರ ಮುಂದಿಡುತ್ತೇನೆ. ಕೇವಲ ಊಹೆಯ ಲೆಕ್ಕ. ಒಂದು ಕೋಣೆಯಲ್ಲಿ ೨೦ ಕುರ್ಚಿಗಳಿವೆ, ಒಬ್ಬೊಬ್ಬ ಗಿರಾಕಿ ೪೦ ನಿಮಿಷ ಕೂರುತ್ತಾನೆ ಎಂದಿಟ್ಟುಕೊಳ್ಳೋಣ. ಗಂಟೆಗೆ ೩೦ ಜನಕ್ಕೆ ತಿಂಡಿಯಾಯಿತು. ಅದೇ ಕೋಣೆಯ ಕುರ್ಚಿಗಳನ್ನೆಲ್ಲ ಹೊರಗೆ ಹಾಕಿ ಎದೆಮಟ್ಟದ ಮೇಜುಗಳನ್ನು ನಿಲ್ಲಿಸಿದರೆ ೪೦ ಜನ ನಿಲ್ಲಬಹುದು; ನಿಂತವನು ಹತ್ತು ನಿಮಿಷಕ್ಕಿಂತ ಹೆಚ್ಚು ನಿಲ್ಲಲಾರ. ಆಗ ಗಂಟೆಗೆ ೨೪೦ ಜನ. ಬಾಡಿಗೆ ಅದೇ, ದೀಪ ಅದೇ, ಗಲ್ಲಾ ಅದೇ. ಬಾಡಿಗೆ ಎಂಟರಷ್ಟು ತಲೆಗಳ ಮೇಲೆ ಹಂಚಿಹೋಗುವುದರಿಂದ ಇಡ್ಲಿಯ ಬೆಲೆಯನ್ನು ಇಳಿಸಬಹುದು. ಇಳಿಸಿದುದರಿಂದ ಇನ್ನಷ್ಟು ಜನ ಬರುತ್ತಾರೆ. ತ್ವರಿತಾಹಾರದ ಉದ್ಯಮವೆಂದು ಇಂದು ಜಗತ್ತಿನಾದ್ಯಂತ ಹೆಸರಾಗಿರುವ ವ್ಯಾಪಾರದ ಮೂಲಮಂತ್ರ ಇಷ್ಟೆ. ಉಳಿದುದೆಲ್ಲ ಈ ಲೆಕ್ಕದ ವಿಸ್ತಾರ.

ಈ ಲೆಕ್ಕವನ್ನು ದಾಕ್ಷಿಣ್ಯವಿಲ್ಲದೆ ಮಾಡಿ ಲೋಕಪ್ರಸಿದ್ಧರಾದವರು ಅಮೆರಿಕದ ಕ್ಯಾಲಿಫೋರ್ನಿಯ ಪ್ರಾಂತದ ಸ್ಯಾನ್ ಬರ್ನಾರ್ಡಿನೊ ಎಂಬ ಊರಿನಲ್ಲಿ ಹೋಟಲಿಟ್ಟಿದ್ದ ರಿಚರ್ಡ್ ಮತ್ತು ಮೊರಿಸ್ ಮೆಕ್‌ಡೊನಾಲ್ಡ್ ಎಂಬ ಸೋದರರು. ಮೋಟಾರು ಕಾರಿನಲ್ಲಿ ಕುಳಿತ ಗಿರಾಕಿಗೆ ಹುಡುಗಿಯರು ತಟ್ಟೆ ತಂದುಕೊಡುವ ಪದ್ಧತಿಯ ಅವರ ಹೋಟಲು ಚೆನ್ನಾಗಿಯೇ ನಡೆಯುತ್ತಿತ್ತು. ಹೀಗಿದ್ದೂ ೧೯೪೮ರಲ್ಲಿ ಅವರು ಅದನ್ನು ಕೆಲವು ತಿಂಗಳ ಕಾಲ ಮುಚ್ಚಿದರು. ತಟ್ಟೆ ತರುವ ಹುಡುಗಿಯರನ್ನು ಬಿಡಿಸಿದರು. ಪಿಂಗಾಣಿಯ ತಟ್ಟೆಗಳನ್ನು ತೆಗೆದು ಕಾಗದ ತಂದರು. ತಿಂಡಿಗಳ ಉದ್ದ ಪಟ್ಟಿಯನ್ನು ಕೇವಲ ಒಂಬತ್ತಕ್ಕೆ ಇಳಿಸಿದರು. ಹೊಸ ಅಡಿಗೆಮನೆಯ ನಕ್ಷೆಯನ್ನು ಟೆನಿಸ್ ಆಡುವ ಅಂಗಳದಲ್ಲಿ ಸೀಮೆಸುಣ್ಣದಿಂದ ಬರೆದು, ಕೆಲಸಗಾರರನ್ನು ಆ ಗೆರೆಗಳ ನಡುವೆ ನಾಟಕದ ತಾಲೀಮಿನಂತೆ ಓಡಾಡಿಸಿ, ಯಾರ ಕೈ ಯಾರಿಗೆ ತಾಗುತ್ತದೆ, ಯಾರ ಹೆಜ್ಜೆ ಎಲ್ಲಿ ವ್ಯರ್ಥವಾಗುತ್ತದೆ ಎಂಬುದನ್ನು ನೋಡಿ ಒಲೆಗಳ ಜಾಗ ಗೊತ್ತುಮಾಡಿದರು. ಹ್ಯಾಂಬರ್ಗರಿನ ಬೆಲೆ ೧೫ ಸೆಂಟಿಗೆ ಇಳಿಯಿತು. ಮೊದಮೊದಲು ಹಳೆಯ ಗಿರಾಕಿಗಳು ಬಂದು ಹಾರನ್ ಬಾರಿಸಿ ಕಾದರಂತೆ; ಯಾರೂ ಹೊರಗೆ ಬಾರದಿದ್ದಾಗ ಕೋಪಿಸಿಕೊಂಡು ಹೋದರಂತೆ. ಅವರು ಬಿಟ್ಟುಹೋದ ಜಾಗಕ್ಕೆ ಮಕ್ಕಳನ್ನು ಕಟ್ಟಿಕೊಂಡು ಬಂದ ಕೂಲಿಕಾರ ಸಂಸಾರಗಳು ಸೇರಿಕೊಂಡವು. ಅಲ್ಲಿಯವರೆಗೆ ಹೋಟಲಿನಲ್ಲಿ ಊಟಮಾಡುವುದು ತಮ್ಮಂಥವರಿಗಲ್ಲವೆಂದು ತಿಳಿದಿದ್ದ ಜನ ಅವರು. ಈ ಸಂಗತಿಯನ್ನು ನೆನಪಿನಲ್ಲಿಡಬೇಕೆಂದು ವಾಚಕರನ್ನು ಬೇಡುತ್ತೇನೆ. ಮುಂದೆ ಇದೇ ನನ್ನ ವಾದಕ್ಕೆ ಆಧಾರ.

ಈ ಸೋದರರಿಗೆ ಹೆಚ್ಚು ಆಸೆಯಿರಲಿಲ್ಲ. ಆಸೆಯಿದ್ದವನು ರೇ ಕ್ರಾಕ್. ಹಾಲಿನ ಪಾನೀಯ ಕಡೆಯುವ ಯಂತ್ರಗಳನ್ನು ಮಾರುತ್ತ ೧೯೫೪ರಲ್ಲಿ ಇವರ ಹೋಟಲಿಗೆ ಬಂದು, ಆ ಪದ್ಧತಿಯನ್ನು ಇತರರಿಗೆ ಹಂಚುವ ಹಕ್ಕನ್ನು ಪಡೆದುಕೊಂಡು, ೧೯೫೫ರಲ್ಲಿ ಶಿಕಾಗೊ ಬಳಿಯಲ್ಲಿ ತನ್ನ ಮೊದಲ ಶಾಖೆಯನ್ನು ತೆರೆದನು. ೧೯೬೧ರಲ್ಲಿ ೨೭ ಲಕ್ಷ ಡಾಲರು ಕೊಟ್ಟು ಸೋದರರನ್ನೇ ವ್ಯಾಪಾರದಿಂದ ಬಿಡಿಸಿಬಿಟ್ಟನು. ಆದರೆ ಕ್ರಾಕನಿಗೂ ಮೊದಲಲ್ಲಿ ಲೆಕ್ಕ ಕೂಡಿಬರಲಿಲ್ಲ. ಶಾಖೆ ನಡೆಸುವವರು ತಮ್ಮ ಮಾರಾಟದಲ್ಲಿ ಶೇಕಡಾ ೧.೯ ಕೊಡಬೇಕು, ಅದರಲ್ಲಿ ಅರ್ಧ ಪಾಲು ಶೇಕಡಾ, ಅಂದರೆ ೦.೫, ಸೋದರರಿಗೆ, ಉಳಿದ ೧.೪ರಲ್ಲಿ ಕಂಪನಿ ಬದುಕಬೇಕು. ಬದುಕುವುದು ಕಷ್ಟವಾಯಿತು. ಆಗ ಹ್ಯಾರಿ ಸಾನೆಬಾರ್ನ್ ಎಂಬ ಅವನ ಹಣಕಾಸಿನ ಸಹಾಯಕ ದಾರಿ ತೋರಿಸಿದನು: ನಾವು ಜಾಗವನ್ನು ಹಿಡಿಯೋಣ, ಅದರ ಮೇಲೆ ಕಟ್ಟಡ ಎಬ್ಬಿಸೋಣ, ಶಾಖೆಯವರು ನಮ್ಮ ಒಳಬಾಡಿಗೆದಾರರಾಗಲಿ. ೧೯೫೬ರಲ್ಲಿ ಇದಕ್ಕಾಗಿಯೇ ಬೇರೊಂದು ಕಂಪನಿ ಹುಟ್ಟಿತು. ಅಂದಿನಿಂದ ಮೆಕ್‌ಡೊನಾಲ್ಡ್ ಎಂಬುದು ಹ್ಯಾಂಬರ್ಗರಿನ ವೇಷ ತೊಟ್ಟ ಜಮೀನುದಾರಿಕೆ. ಇದು ನನ್ನ ಉತ್ಪ್ರೇಕ್ಷೆಯಲ್ಲ. ೨೦೨೩ರ ಲೆಕ್ಕದಲ್ಲಿ ಶಾಖೆಯವರಿಂದ ಕಂಪನಿಗೆ ಬಂದ ಬಾಡಿಗೆ ಸುಮಾರು ೯೮೦ ಕೋಟಿ ಡಾಲರು. ಹೆಸರು ಮತ್ತು ಪದ್ಧತಿಯನ್ನು ಬಳಸಿದುದಕ್ಕಾಗಿ ಬಂದದ್ದು ಸುಮಾರು ೫೫೦ ಕೋಟಿ. ೨೦೨೪ರ ಕೊನೆಗೆ ಲೋಕದಲ್ಲಿ ೪೩ ಸಾವಿರಕ್ಕೂ ಮಿಕ್ಕಿ ಇದ್ದ ಅದರ ಹೋಟಲುಗಳಲ್ಲಿ ನೂರಕ್ಕೆ ೯೫ನ್ನು ನಡೆಸುವವರು ಬೇರೆಯವರು.

ಈಗ ನಮ್ಮೂರಿಗೆ ಬರೋಣ. ಬೆಂಗಳೂರಿನ ಜಯನಗರದಲ್ಲಿ ೧೯೮೩ರಲ್ಲಿ ಆರ್. ಪ್ರಭಾಕರ್ ಅವರು ತೆರೆದ ಕೆಫೆ ದರ್ಶಿನಿ ಈ ಬಗೆಯ ಹೋಟಲುಗಳಲ್ಲಿ ಮೊದಲನೆಯದೆಂದು ಹೆಸರಾಗಿದೆ. ಮೊದಲು ದುಡ್ಡು ಕೊಟ್ಟು ಚೀಟಿ ಪಡೆಯುವುದು, ಚೀಟಿ ಕೊಟ್ಟು ತಟ್ಟೆ ಪಡೆಯುವುದು, ನಿಂತು ತಿಂದು ತಟ್ಟೆಯನ್ನು ತೊಟ್ಟಿಗೆ ಹಾಕಿ ಹೊರಡುವುದು. ಅಡಿಗೆಮನೆ ಎಲ್ಲರ ಕಣ್ಣಿಗೂ ಕಾಣುವಂತೆ ತೆರೆದಿರುವುದು. ಮಾಣಿಯಿಲ್ಲ, ಬಿಲ್ಲು ತರುವವರಿಲ್ಲ, ಇನಾಮಿನ ಮುಜುಗರವಿಲ್ಲ. ಸ್ಯಾನ್ ಬರ್ನಾರ್ಡಿನೊದ ಲೆಕ್ಕವೇ ಇದು. ಆದರೆ ಒಂದು ಮುಖ್ಯ ವ್ಯತ್ಯಾಸವಿದೆ. ದರ್ಶಿನಿ ಎಂಬ ಹೆಸರು ಒಬ್ಬರ ಸ್ವತ್ತಾಗಿ ಉಳಿಯಲಿಲ್ಲ. ಹತ್ತಾರು ಜನ, ಆಮೇಲೆ ನೂರಾರು ಜನ, ತಮ್ಮ ಮನೆದೇವರ ಹೆಸರಿನ ಮುಂದೆಯೋ ಬಡಾವಣೆಯ ಹೆಸರಿನ ಮುಂದೆಯೋ ದರ್ಶಿನಿ ಎಂದು ಸೇರಿಸಿ ಅಂಗಡಿ ತೆರೆದರು. ಅದು ವಿಶೇಷನಾಮವಾಗಿ ಹುಟ್ಟಿ ಸಾಮಾನ್ಯನಾಮವಾಯಿತು. ವ್ಯಾಕರಣದಲ್ಲಿ ಇದು ಸಣ್ಣ ಸಂಗತಿ, ವ್ಯಾಪಾರದಲ್ಲಿ ದೊಡ್ಡದು. ಮೇಲಿನಿಂದ ಯಾರೂ ಪಾಲು ಕೀಳದೆ ಒಂದು ಪದ್ಧತಿ ಊರೆಲ್ಲ ಹಬ್ಬಿತು. ಇದಕ್ಕೆ ಷೇರು ಪೇಟೆಯಲ್ಲಿ ಬೆಲೆಯಿಲ್ಲ, ಆದ್ದರಿಂದ ಉದ್ಯಮದ ಚರಿತ್ರೆ ಬರೆಯುವವರು ಇದನ್ನು ಲೆಕ್ಕಕ್ಕೆ ಹಿಡಿಯುವುದಿಲ್ಲ. ನನಗಾದರೋ ಇದು ಕ್ರಾಕನ ಸಾಹಸಕ್ಕಿಂತ ದೊಡ್ಡ ಯಶಸ್ಸೆಂದೇ ತೋರುತ್ತದೆ.

ತ್ವರಿತಾಹಾರವೆಂಬ ಮಾತಿನಲ್ಲಿ ಒಂದು ಸಣ್ಣ ಮೋಸವಿದೆ. ಯಾವ ಅಡಿಗೆಯೂ ನಿಜವಾಗಿ ತ್ವರಿತವಲ್ಲ. ಹೊತ್ತನ್ನು ಬೇರೆಲ್ಲಿಯೋ ಬಚ್ಚಿಟ್ಟಿರುತ್ತಾರೆ. ಅಮೆರಿಕದವರು ಅದನ್ನು ಕಾರ್ಖಾನೆಯಲ್ಲಿಯೂ ಹೆಪ್ಪುಗಟ್ಟಿಸುವ ಪೆಟ್ಟಿಗೆಯಲ್ಲಿಯೂ ಇಟ್ಟರು: ಆಲೂಗಡ್ಡೆ ಅಲ್ಲಿ ಸಿಪ್ಪೆ ಸುಲಿಸಿಕೊಂಡು, ಹೋಳಾಗಿ, ಅರೆಬೆಂದು, ಹಿಮವಾಗಿ ಬರುತ್ತದೆ. ನಮ್ಮವರು ಅದನ್ನು ರಾತ್ರಿಯಲ್ಲಿ ಇಟ್ಟರು. ಉದ್ದು ಅಕ್ಕಿ ನೆನೆದು, ರುಬ್ಬಿಸಿಕೊಂಡು, ಊರು ಮಲಗಿರುವಾಗ ತಾವಾಗಿ ಉಬ್ಬಿ ಹುಳಿಯಾಗಿ, ಬೆಳಗ್ಗೆ ಆರು ಗಂಟೆಗೆ ಹಬೆಗೆ ಸಿದ್ಧವಾಗಿರುತ್ತವೆ. ಸಾಂಬಾರು ಕುದಿದಿರುತ್ತದೆ, ಡಿಕಾಕ್ಷನ್ ಇಳಿದಿರುತ್ತದೆ. ಚೀಟಿ ಕೊಟ್ಟ ಗಿರಾಕಿಗೆ ಅರ್ಧ ನಿಮಿಷದಲ್ಲಿ ತಟ್ಟೆ ಸಿಗುವುದು ಈ ಹತ್ತು ಹನ್ನೆರಡು ಗಂಟೆಗಳ ತಪಸ್ಸಿನಿಂದ. ಇಡ್ಲಿಯನ್ನು ತ್ವರಿತಾಹಾರವನ್ನಾಗಿ ಮಾಡಲು ಯಾರೂ ಹೊಸದಾಗಿ ಏನನ್ನೂ ಕಂಡುಹಿಡಿಯಬೇಕಾಗಿರಲಿಲ್ಲ. ಕುರ್ಚಿಯನ್ನು ತೆಗೆದರೆ ಸಾಕಾಗಿತ್ತು. ದೋಸೆಯ ಮಾತು ಬೇರೆ. ಅದು ಕಾವಲಿಯ ಮೇಲೆ ತನ್ನ ಹೊತ್ತನ್ನು ತೆಗೆದುಕೊಂಡೇ ತೀರುತ್ತದೆ. ದರ್ಶಿನಿಯಲ್ಲಿ ಸಾಲು ನಿಲ್ಲುವುದು ದೋಸೆಯ ಮುಂದೆಯೇ.

ಕುರ್ಚಿಯೊಡನೆ ಹೋದದ್ದೇನು? ಹರಟೆ ಹೋಯಿತು. ಅದಕ್ಕಾಗಿ ಕಣ್ಣೀರಿಡುವವರ ಲೇಖನಗಳು ಬೇಕಾದಷ್ಟಿವೆ. ಆದರೆ ಆ ಹಳೆಯ ಕುರ್ಚಿಗಳ ಮೇಲೆ ಎಲ್ಲರೂ ಕೂರುವಂತಿತ್ತೆ ಎಂಬುದನ್ನೂ ಕೇಳಬೇಕು. ಮಾವಳ್ಳಿ ಟಿಫಿನ್ ರೂಮ್ ೧೯೨೪ರಲ್ಲಿ ಹುಟ್ಟಿದಾಗ ಅದರ ಹೆಸರು ಬ್ರಾಹ್ಮಣ ಕಾಫಿ ಕ್ಲಬ್. ಆ ಕಾಲದ ರೂಢಿಯೇ ಹಾಗಿತ್ತು: ಒಂದೊಂದು ಜಾತಿಗೆ ಒಂದೊಂದು ಪಡಸಾಲೆ, ಕೆಲವರಿಗೆ ಹಿತ್ತಿಲು, ಕೆಲವರಿಗೆ ಬಾಗಿಲಾಚೆಯ ಬೀದಿ. ಸ್ವಾತಂತ್ರ್ಯದ ಅನಂತರ ಕಾನೂನು ಈ ಗೋಡೆಗಳನ್ನು ಕೆಡವಿತು. ಆದರೂ ಕುರ್ಚಿಯಿರುವಲ್ಲಿ, ಪಕ್ಕದ ಕುರ್ಚಿಯಲ್ಲಿ ಯಾರು ಕುಳಿತಾರು ಎಂಬ ಲೆಕ್ಕಾಚಾರ ಕಣ್ಣಿನಲ್ಲಿ ಉಳಿದೇ ಇತ್ತು. ಹೆಂಗಸರಿಗೆ ಪರದೆಯ ಹಿಂದಿನ ಫ್ಯಾಮಿಲಿ ರೂಮು. ದರ್ಶಿನಿಯಲ್ಲಿ ಯಾರು ಎಲ್ಲಿ ಕೂರಬೇಕೆಂಬ ಪ್ರಶ್ನೆಯೇ ಇಲ್ಲ, ಏಕೆಂದರೆ ಯಾರೂ ಕೂರುವುದಿಲ್ಲ. ಆಟೋ ಓಡಿಸುವವರ ತಟ್ಟೆಯ ಪಕ್ಕದಲ್ಲಿ ಉಚ್ಚ ನ್ಯಾಯಾಲಯದ ವಕೀಲರ ತಟ್ಟೆ. ಅದರ ಪಕ್ಕದಲ್ಲಿ ಕೆಲಸಕ್ಕೆ ಹೊರಟ ಹೆಣ್ಣುಮಗಳೊಬ್ಬಳು ಒಬ್ಬಳೇ ನಿಂತು, ಯಾರ ದೃಷ್ಟಿಗೂ ಅಂಜದೆ, ಖಾರಾಬಾತು ತಿನ್ನುತ್ತಿರುತ್ತಾಳೆ. ಸಮಾನತೆಯ ಮೇಲೆ ಭಾಷಣ ಕೇಳಿ ಇದು ಆದದ್ದಲ್ಲ. ಬಾಡಿಗೆಯ ಲೆಕ್ಕದಿಂದ ಆದದ್ದು. ನಿಲ್ಲಲಾರದ ಮುದುಕರನ್ನು ಈ ಸಮಾನತೆ ಮರೆತಿತೆಂಬುದೂ ನಿಜ. ಮುಂಜಾನೆ ನಾಲ್ಕಕ್ಕೆ ಎದ್ದು ರಾತ್ರಿ ಹತ್ತರವರೆಗೆ ತಟ್ಟೆ ತೊಳೆಯುವ ಹುಡುಗರ ಕಾಲುನೋವು ಈ ಲೆಕ್ಕದ ಯಾವ ಕಾಲಮ್ಮಿನಲ್ಲಿಯೂ ಬಾರದೆಂಬುದೂ ನಿಜ.

ಹೊರಗಿನ ಕಂಪನಿಗಳು ಬಂದು ಇದನ್ನೆಲ್ಲ ನುಂಗುತ್ತವೆಂಬ ಭಯ ಒಮ್ಮೆ ಎದ್ದಿತ್ತು. ೧೯೯೫ರಲ್ಲಿ ಬೆಂಗಳೂರಿನ ಬ್ರಿಗೇಡ್ ರಸ್ತೆಯಲ್ಲಿ ಕೆಂಟಕಿಯ ಕೋಳಿಯಂಗಡಿ ತೆರೆದಾಗ ನಗರ ಪಾಲಿಕೆ ಅದರ ಪರವಾನಗಿಯನ್ನು ರದ್ದುಮಾಡಿತು. ಉಚ್ಚ ನ್ಯಾಯಾಲಯ ಅದಕ್ಕೆ ತಡೆ ಕೊಟ್ಟಿತು. ೧೯೯೬ರ ಜನವರಿ ೩೦ರಂದು ಪ್ರೊಫೆಸರ್ ಎಂ. ಡಿ. ನಂಜುಂಡಸ್ವಾಮಿಯವರ ರೈತ ಸಂಘದವರು ಅಂಗಡಿಗೆ ನುಗ್ಗಿ ಗಾಜು ಮೇಜುಗಳನ್ನು ಒಡೆದರು. ಅವರ ಚಿಂತೆ ಬೀಜದ್ದು, ಬೆಳೆಯದ್ದು, ರೈತನ ನೆಲದ್ದು, ಹೋಟಲಿನದ್ದಷ್ಟೇ ಅಲ್ಲ. ಅದರ ಗುಣದೋಷ ಇಲ್ಲಿ ಬೇಡ. ಆದರೆ ಇಡ್ಲಿಯ ಪಾಲಿಗೆ ಆ ಭಯ ಸುಳ್ಳಾಯಿತು. ಅದೇ ೧೯೯೬ರಲ್ಲಿ ದಿಲ್ಲಿ ಮುಂಬಯಿಗಳಲ್ಲಿ ಕಾಲಿಟ್ಟ ಮೆಕ್‌ಡೊನಾಲ್ಡ್ ಈ ದೇಶಕ್ಕಾಗಿ ಗೋಮಾಂಸ ಹಂದಿಮಾಂಸಗಳೆರಡನ್ನೂ ಬಿಟ್ಟು ಆಲೂಗಡ್ಡೆಯ ಟಿಕ್ಕಿಯನ್ನು ರೊಟ್ಟಿಯ ನಡುವೆ ಇಡಬೇಕಾಯಿತು. ಸೋತು ಒಗ್ಗಿಕೊಂಡದ್ದು ಅದು. ನಮ್ಮ ದರ್ಶಿನಿಗೆ ಕಂಟಕ ಬಂದದ್ದು ಕೆಂಟಕಿಯಿಂದಲ್ಲ. ಅದು ನಿಂತಿರುವ ನೆಲದಿಂದಲೇ.

ಹೇಗೆಂದು ಹೇಳುತ್ತೇನೆ. ಕ್ರಾಕನ ಕಂಪನಿ ಜಾಗವನ್ನು ತಾನೇ ಹಿಡಿಯಿತು. ದರ್ಶಿನಿಯ ಯಜಮಾನರೋ, ಬಹುಮಟ್ಟಿಗೆ, ಬಾಡಿಗೆದಾರರು. ಅಂಗಡಿ ಚೆನ್ನಾಗಿ ನಡೆದು ಆ ಮೂಲೆಗೆ ಜನ ಸೇರತೊಡಗಿದರೆ ಮೂಲೆಯ ಬೆಲೆ ಏರುತ್ತದೆ. ಕರಾರು ಮುಗಿದ ದಿನ ಕಟ್ಟಡದ ಮಾಲಿಕರು ಹೊಸ ಬಾಡಿಗೆಯನ್ನೂ ಹೊಸ ಮುಂಗಡವನ್ನೂ ಕೇಳುತ್ತಾರೆ. ತಾನು ಬಡಿಸಿದ ರುಚಿಯ ಬಡ್ಡಿಯನ್ನು ಬಡಿಸಿದವನೇ ತೆರಬೇಕು. ಅದರ ಮೇಲೆ ತೆರಿಗೆಯದೊಂದು ಸೂಕ್ಷ್ಮವಿದೆ. ೨೦೧೭ರ ನವೆಂಬರಿನಿಂದ ಸಾಮಾನ್ಯ ಹೋಟಲುಗಳು ಗಿರಾಕಿಯಿಂದ ಶೇಕಡಾ ೫ ಸರಕು ಸೇವಾ ತೆರಿಗೆಯನ್ನು ಪಡೆಯುತ್ತವೆ. ಆದರೆ ತಾವು ಕೊಂಡುದರ ಮೇಲೆ ಕೊಟ್ಟ ತೆರಿಗೆಯನ್ನು ಅದರಲ್ಲಿ ಕಳೆದುಕೊಳ್ಳುವಂತಿಲ್ಲ. ಅಂಗಡಿಯ ಬಾಡಿಗೆಯ ಮೇಲಿನ ಶೇಕಡಾ ೧೮ ಹೀಗೆ ನೇರವಾಗಿ ಇಡ್ಲಿಯ ಮೈಮೇಲೆ ಬಂದು ಕೂರುತ್ತದೆ. ೨೦೧೪ರಲ್ಲಿ ಇದೇ ಬೆಂಗಳೂರಿನಲ್ಲಿ ಹುಟ್ಟಿದ ಸ್ವಿಗ್ಗಿಯಂಥ ಮನೆಬಾಗಿಲಿಗೆ ತಿಂಡಿ ಮುಟ್ಟಿಸುವ ಕಂಪನಿಗಳು ನಿಲ್ಲುವ ಜಾಗವೂ ಬೇಡವಾಗುವ ಹಾಗೆ ಮಾಡಿದುವು, ಹೌದು. ಆದರೆ ಬೆಲೆಯಲ್ಲಿ ಒಂದು ಪಾಲನ್ನು ಅವು ಕೀಳುತ್ತವೆ, ಡಬ್ಬಿಯ ಖರ್ಚು ಬೇರೆ, ಡಬ್ಬಿಯೊಳಗೆ ಬೆವರಿ ಮೆತ್ತಗಾದ ದೋಸೆಯ ಅಪಕೀರ್ತಿ ಮಾತ್ರ ಹೋಟಲಿನ ಪಾಲಿಗೆ.

ಹೀಗಾದಾಗ ಯಜಮಾನರು ಮಾಡುವುದು ಒಂದೇ: ಬೆಲೆ ಏರಿಸುವುದು. ಏರಿಸಿದರೆ ಪುಸ್ತಕದಲ್ಲಿ ವ್ಯಾಪಾರ ಹೆಚ್ಚಿದಂತೆಯೇ ಕಾಣುತ್ತದೆ. ಇಲ್ಲಿಯೇ ನನ್ನ ಮುಖ್ಯ ಆಕ್ಷೇಪ. ಈ ಉದ್ಯಮದ ಆರೋಗ್ಯವನ್ನು ಅಳೆಯುವವರು ಒಂದೇ ಅಂಗಡಿಯ ಈ ವರ್ಷದ ಮಾರಾಟವನ್ನು ಹೋದ ವರ್ಷದ್ದರೊಡನೆ ಹೋಲಿಸುತ್ತಾರೆ. ಕೋಲು ಒಳ್ಳೆಯದೇ, ಆದರೆ ಅದು ಅಳೆಯುವುದು ಹಣವನ್ನು, ತಟ್ಟೆಗಳನ್ನಲ್ಲ. ನೂರು ಜನ ಹತ್ತು ರೂಪಾಯಿ ಕೊಟ್ಟರೂ ಒಂದೇ, ಎಂಬತ್ತು ಜನ ಹನ್ನೆರಡೂವರೆ ಕೊಟ್ಟರೂ ಒಂದೇ. ಆ ಬಾರದೆ ಹೋದ ಇಪ್ಪತ್ತು ಜನ ಯಾರು? ಲೆಕ್ಕಪತ್ರ ಅವರ ಹೆಸರನ್ನು ಹೇಳುವುದಿಲ್ಲ. ಅಮೆರಿಕದಲ್ಲಿ ಕಡೆಗೆ ಇದು ಲೆಕ್ಕಪತ್ರದಲ್ಲಿಯೇ ಕಾಣಿಸಿಕೊಂಡಿತು. ವರ್ಷಗಟ್ಟಲೆ ಬೆಲೆ ಏರಿಸಿದ ಮೇಲೆ ೨೦೨೪ರ ಎರಡನೆಯ ತ್ರೈಮಾಸಿಕದಲ್ಲಿ ಮೆಕ್‌ಡೊನಾಲ್ಡ್ ಕಂಪನಿಯ ಈ ಹೋಲಿಕೆಯ ಮಾರಾಟ ಜಗತ್ತಿನಾದ್ಯಂತ ಶೇಕಡಾ ೧ರಷ್ಟು ಇಳಿಯಿತು. ೨೦೨೫ರ ಮೊದಲ ತ್ರೈಮಾಸಿಕದಲ್ಲಿ ಅಮೆರಿಕದೊಳಗೆ ಶೇಕಡಾ ೩.೬ರಷ್ಟು. ಕಡಿಮೆ ವರಮಾನದ ಗಿರಾಕಿಗಳು ಬರುವುದನ್ನು ಬಿಟ್ಟಿದ್ದಾರೆಂದು ಕಂಪನಿಯೇ ಒಪ್ಪಿಕೊಂಡು, ಐದು ಡಾಲರಿನ ಊಟವೆಂಬುದನ್ನು ಹೊರಡಿಸಬೇಕಾಯಿತು. ೧೯೪೮ರಲ್ಲಿ ಮಕ್ಕಳನ್ನು ಕಟ್ಟಿಕೊಂಡು ಬಂದ ಆ ಕೂಲಿಕಾರ ಸಂಸಾರದ ಮೊಮ್ಮಕ್ಕಳು ಬಾಗಿಲಿನಿಂದ ಹಿಂದಿರುಗಿದರೆಂದು ಇದರ ಅರ್ಥ.

ನಮ್ಮಲ್ಲಿಯೂ ಬೆಳಗಿನ ಹೊತ್ತು ದರ್ಶಿನಿಯ ಹಲಗೆಯ ಮುಂದೆ ಬೆಲೆ ಓದಿಕೊಂಡು, ಎರಡು ಇಡ್ಲಿಯ ಬದಲು ಒಂದಕ್ಕೆ ಚೀಟಿ ಪಡೆಯುವ ವಿದ್ಯಾರ್ಥಿಗಳನ್ನು ನಾನು ನೋಡುತ್ತಿದ್ದೇನೆ. ಹಾಗಾದರೆ ಸರಕಾರ ಬೆಲೆಯನ್ನು ಕಟ್ಟಿಬಿಡಲಿ ಎಂದು ಕೆಲವರು ಹೇಳಿಯಾರು. ಆ ಮದ್ದನ್ನು ತುರ್ತು ಪರಿಸ್ಥಿತಿಯ ಕಾಲದಲ್ಲಿ ಕುಡಿಸಿ ನೋಡಿದ್ದಾಗಿದೆ. ಆಗ ಗೊತ್ತುಮಾಡಿದ ಬೆಲೆಗೆ ತನ್ನ ದರ್ಜೆಯ ತಿಂಡಿ ಕೊಡಲು ಸಾಧ್ಯವಿಲ್ಲವೆಂದು ಕಂಡ ಮಾವಳ್ಳಿ ಟಿಫಿನ್ ರೂಮಿನವರು ದರ್ಜೆಯನ್ನು ಇಳಿಸಲೊಪ್ಪದೆ, ದಿನದಿನದ ನಷ್ಟವನ್ನು ಬಾಗಿಲ ಮುಂದೆ ಬರೆದು ತೂಗುಹಾಕಿ, ಕೊನೆಗೆ ಹೋಟಲನ್ನೇ ಕೆಲವು ಕಾಲ ಮುಚ್ಚಿದರು. ರವೆ ಇಡ್ಲಿಯೇ ಮೊದಲಾದುವುಗಳ ಹಿಟ್ಟು ಪುಡಿಗಳನ್ನು ಪೊಟ್ಟಣ ಕಟ್ಟಿ ಮಾರುವ ವ್ಯಾಪಾರಕ್ಕೆ ತಿರುಗಿದರು. ಆ ಪೊಟ್ಟಣದ ವ್ಯಾಪಾರವನ್ನು ೨೦೦೭ರಲ್ಲಿ ನಾರ್ವೆ ದೇಶದ ಆರ್ಕ್ಲಾ ಕಂಪನಿ ಕೊಂಡಿತು. ಹೋಟಲು ಮನೆತನದವರಲ್ಲಿಯೇ ಉಳಿಯಿತು. ಇನ್ನು ೨೦೧೭ರಲ್ಲಿ ಸರಕಾರ ತೆರೆದ ಇಂದಿರಾ ಕ್ಯಾಂಟೀನುಗಳಿವೆ. ಹಸಿದವರಿಗೆ ಅವು ಬೇಕು, ಅದರಲ್ಲಿ ಎರಡು ಮಾತಿಲ್ಲ. ಆದರೆ ಅವು ಬೊಕ್ಕಸದ ಹಣದಿಂದ ನಡೆಯತಕ್ಕವು. ದರ್ಶಿನಿಯಾದರೋ ಯಾರಿಂದಲೂ ಕಾಸು ಕೇಳದೆ ನಲವತ್ತು ವರ್ಷ ಆ ಕೆಲಸದ ಒಂದು ಪಾಲನ್ನು ತಾನೇ ಮಾಡಿಕೊಂಡು ಬಂದಿದೆ.

ಕಟ್ಟಬೇಕಾದದ್ದು ಇಡ್ಲಿಯ ಬೆಲೆಯನ್ನಲ್ಲ, ನೆಲದ ಬೆಲೆಯನ್ನು. ಖಾಸಗಿ ಮಾಲಿಕರ ಮಾತು ಬೇರೆ. ಆದರೆ ಬಸ್ಸು ನಿಲ್ದಾಣ, ಮೆಟ್ರೊ ನಿಲ್ದಾಣ, ಸಾರ್ವಜನಿಕ ಮಾರುಕಟ್ಟೆ, ಆಸ್ಪತ್ರೆಯ ಆವರಣ, ಇವುಗಳ ನೆಲ ನಮ್ಮೆಲ್ಲರದು. ಅಲ್ಲಿನ ಅಂಗಡಿಗಳನ್ನು ಹರಾಜಿನಲ್ಲಿ ಹೆಚ್ಚಿಗೆ ಕೂಗಿದವರಿಗೆ ಕೊಟ್ಟರೆ, ಹೆಚ್ಚಿಗೆ ಕೂಗಿದವರು ಹೆಚ್ಚಿಗೆ ಕೀಳಲೇಬೇಕು. ಅದರ ಬದಲು, ೨೦೨೫ರಲ್ಲಿ ಒಂದರಿಂದ ಐದಾಗಿ ಒಡೆದ ಬೆಂಗಳೂರಿನ ನಗರ ಪಾಲಿಕೆಗಳು ಇಂಥ ಜಾಗಗಳಲ್ಲಿ ಹೋಟಲಿನವರಿಂದ ಮಾರಾಟದ ಒಂದು ಗೊತ್ತಾದ ಶೇಕಡಾವಾರನ್ನೇ ಬಾಡಿಗೆಯಾಗಿ ಪಡೆಯಲಿ. ಎರಡು ಇಡ್ಲಿ ಒಂದು ವಡೆ ಒಂದು ಕಾಫಿ ಇಂತಿಷ್ಟಕ್ಕಿಂತ ಮೀರಬಾರದೆಂಬ ಷರತ್ತನ್ನು ಹಾಕಿ, ಆ ಷರತ್ತಿಗೆ ತಕ್ಕಂತೆ ಶೇಕಡಾವಾರನ್ನು ಇಳಿಸಲಿ. ಮಾರಾಟದ ಮೇಲೆ ಬಾಡಿಗೆಯೆಂಬುದು ನನ್ನ ಕಲ್ಪನೆಯಲ್ಲ. ಸಾನೆಬಾರ್ನ್ ತೋರಿಸಿದ ದಾರಿಯೇ ಅದು. ಜಮೀನುದಾರಿಕೆಯಿಂದ ಒಂದು ಕಂಪನಿ ಅಷ್ಟು ಕಲಿಯಬಹುದಾದರೆ ಒಂದು ಪಾಲಿಕೆ ಕಲಿಯಬಾರದೇಕೆ? ಮಾರಾಟವನ್ನು ಮುಚ್ಚಿಡುತ್ತಾರೆಂಬ ಆಕ್ಷೇಪಕ್ಕೆ, ಫೋನು ತೋರಿಸಿ ದುಡ್ಡು ಕೊಡುವ ಈ ಕಾಲದಲ್ಲಿ ಮೊದಲಿನ ಬಲ ಉಳಿದಿಲ್ಲ. ೨೦೨೫ರಲ್ಲಿ ವಾಣಿಜ್ಯ ತೆರಿಗೆ ಇಲಾಖೆ ಆ ಲೆಕ್ಕವನ್ನು ನೋಡಿಯೇ ಸಣ್ಣ ವ್ಯಾಪಾರಿಗಳಿಗೆ ನೋಟೀಸು ಕಳಿಸಿತ್ತಲ್ಲವೆ?

ಕರಾರಿನಲ್ಲಿ ಇನ್ನೂ ಒಂದು ಷರತ್ತು ಇರಲೆಂದು ನನ್ನ ಆಸೆ. ಗೋಡೆಯ ಬದಿಗೆ ನಾಲ್ಕು ಕುರ್ಚಿಗಳನ್ನು ಹಾಕಬೇಕು; ವಯಸ್ಸಾದವರಿಗೆ, ಬಸುರಿಯರಿಗೆ, ಕಂಕುಳಲ್ಲಿ ಕೂಸಿರುವವರಿಗೆ. ವೃತ್ತಪತ್ರಿಕೆ ಓದುವವರು ಎದ್ದು ಜಾಗ ಬಿಡತಕ್ಕದ್ದು.